ಪಾಳುಬಿದ್ದ ಕಾರ್ನಿವಲ್‌ನಲ್ಲಿ ಕಡಿಮೆ ದುಡ್ಡಿನ ಹಾರರ್ ಸಿನಿಮಾ: ಪದೇ ಪದೇ ಕೇಳುವ ಪ್ರಶ್ನೆಗಳು

ಯಾವ ಬಗೆಯ ಸಿನಿಮಾಗಳ ಮಾತು ಇದು?

ಬಣ್ಣ ಕಿತ್ತುಹೋದ ಮರದ ಕುದುರೆಗಳು, ಅರ್ಧಕ್ಕರ್ಧ ಬಲ್ಬು ಸುಟ್ಟ ಬೋರ್ಡು, ಗಾಳಿಗೆ ಕಿರುಗುಟ್ಟುವ ಜೈಂಟ್ ವ್ಹೀಲು. ಕಥೆಯ ಮುಖ್ಯ ಭಾಗ ಇಂಥ ಜಾಗದಲ್ಲಿ ನಡೆಯಬೇಕು, ಜಾಗ ಕಿತ್ತು ಬೇರೆಡೆ ಇಟ್ಟರೆ ಕಥೆ ಕುಸಿಯಬೇಕು. ಜೋಕರ್ ವೇಷದ ಕೊಲೆಗಾರ ಊರೊಳಗೆಲ್ಲ ಓಡಾಡುವ ಸಿನಿಮಾಗಳನ್ನು ನಾವು ಈ ಪಂಗಡಕ್ಕೆ ಸೇರಿಸುವುದಿಲ್ಲ. ಅಲ್ಲಿ ಕೆಲಸ ಮಾಡುವುದು ಮುಖವಾಡ, ಇಲ್ಲಿ ನೆಲ.

ದುಡ್ಡಿಲ್ಲದವರೆಲ್ಲ ಕಾರ್ನಿವಲ್‌ಗೇ ಯಾಕೆ ಹೋಗುತ್ತಾರೆ?

ಸೆಟ್ಟಿನ ಖರ್ಚನ್ನು ಯಾರೋ ಎಷ್ಟೋ ವರ್ಷದ ಹಿಂದೆಯೇ ಮಾಡಿಟ್ಟಿರುತ್ತಾರೆ, ಮಳೆ ಬಿಸಿಲು ಅದಕ್ಕೆ ಪುಕ್ಕಟೆಯಾಗಿ ಹಳೇ ಬಣ್ಣ ಬಳಿದಿರುತ್ತವೆ. ಜೊತೆಗೆ, ಸಾವಿರ ಜನಕ್ಕೆಂದು ಕಟ್ಟಿದ ಜಾಗದಲ್ಲಿ ಒಬ್ಬರೇ ನಿಂತರೆ ಏನೂ ನಡೆಯುವ ಮೊದಲೇ ನೋಡುಗರಿಗೆ ಅಳುಕು ಹುಟ್ಟುತ್ತದೆ.

'ಕಾರ್ನಿವಲ್ ಆಫ್ ಸೋಲ್ಸ್' (1962) ಹುಟ್ಟಿದ್ದು ಇದೇ ಅಳುಕಿನಿಂದ. ಹರ್ಕ್ ಹಾರ್ವೆ ಅಮೆರಿಕದ ಕ್ಯಾನ್ಸಾಸ್ ರಾಜ್ಯದ ಲಾರೆನ್ಸ್‌ನಲ್ಲಿ ಶೈಕ್ಷಣಿಕ ಮತ್ತು ಕೈಗಾರಿಕಾ ಕಿರುಚಿತ್ರ ಮಾಡುತ್ತಿದ್ದವರು. ಕ್ಯಾಲಿಫೋರ್ನಿಯಾದಿಂದ ಕಾರಿನಲ್ಲಿ ವಾಪಸಾಗುವಾಗ ಗ್ರೇಟ್ ಸಾಲ್ಟ್ ಲೇಕ್ ದಂಡೆಯಲ್ಲಿ, ಮುಚ್ಚಿಹೋಗಿದ್ದ ಸಾಲ್ಟೇರ್ ಎಂಬ ವಿಹಾರ ಮಂಟಪ ಅವರ ಕಣ್ಣಿಗೆ ಬಿತ್ತು. ಊರಿಗೆ ಬಂದು ಸಹೋದ್ಯೋಗಿ ಜಾನ್ ಕ್ಲಿಫರ್ಡ್‌ಗೆ ಕಥೆ ಬರೆಯಲು ಹೇಳಿದರು. ಕೊನೆಯಲ್ಲಿ ಸತ್ತವರು ಆ ಮಂಟಪದಲ್ಲಿ ಕುಣಿಯಬೇಕು ಅನ್ನುವುದು ಷರತ್ತು. ಸುಮಾರು 33,000 ಡಾಲರಿನಲ್ಲಿ, ಮೂರು ವಾರದ ಚಿತ್ರೀಕರಣದಲ್ಲಿ ಸಿನಿಮಾ ಮುಗಿಯಿತು. ಬಿಳಿಚಿದ ಮುಖದ ಪ್ರೇತವಾಗಿ ಬರುವವರು ಹಾರ್ವೆಯೇ. ಆ ಮಂಟಪ 1970ರಲ್ಲಿ ಬೆಂಕಿಗೆ ಆಹುತಿಯಾಯಿತು.

ಜಾಗ ಮೊದಲು, ಕಥೆ ಆಮೇಲೆ. ಬರೆದಿಟ್ಟ ಕಥೆಗೆ ತಕ್ಕ ಕಾರ್ನಿವಲ್ ಹುಡುಕಿ ಹೊರಟವರು ತಿಂಗಳುಗಟ್ಟಲೆ ಅಲೆದು, ಕೊನೆಗೆ ಸಿಕ್ಕಿದ್ದಕ್ಕೆ ಕಥೆಯನ್ನೇ ಬಗ್ಗಿಸುತ್ತಾರೆ. ಅದನ್ನು ಮೊದಲೇ ಮಾಡಿದರೆ ಪೆಟ್ರೋಲು ಉಳಿಯುತ್ತದೆ.

ಕಲಿಯುವವರು ಯಾವುದನ್ನು ನೋಡಬೇಕು?

ಮೇಲೆ ಹೇಳಿದ 'ಕಾರ್ನಿವಲ್ ಆಫ್ ಸೋಲ್ಸ್' ಅನ್ನು ಎರಡು ಸಲ, ಎರಡನೇ ಸಲ ಸಿನಿಮಾದ ಸದ್ದು ಬಂದ್ ಮಾಡಿ. ಆಮೇಲೆ ರೇ ಡೆನಿಸ್ ಸ್ಟೆಕ್ಲರ್ 1964ರಲ್ಲಿ ತೆರೆಗೆ ತಂದ 'ದಿ ಇನ್‌ಕ್ರೆಡಿಬ್ಲಿ ಸ್ಟ್ರೇಂಜ್ ಕ್ರೀಚರ್ಸ್ ಹೂ ಸ್ಟಾಪ್ಡ್ ಲಿವಿಂಗ್ ಅಂಡ್ ಬಿಕೇಮ್ ಮಿಕ್ಸ್ಡ್-ಅಪ್ ಜಾಂಬೀಸ್' (ಹೆಸರು ಓದುವಷ್ಟರಲ್ಲೇ ಉಸಿರು ಮುಗಿಯುತ್ತದೆ). ಕ್ಯಾಲಿಫೋರ್ನಿಯಾದ ಲಾಂಗ್ ಬೀಚ್‌ನ 'ದಿ ಪೈಕ್' ಮನರಂಜನಾ ತಾಣದಲ್ಲಿ ತೆಗೆದದ್ದು. ಕಥೆಗೆ ತಲೆಬುಡವಿಲ್ಲ. ಆದರೆ ರಾತ್ರಿ ಬೆಳಕನ್ನು ಗಮನಿಸಿ: ಛಾಯಾಗ್ರಾಹಕ ಜೋಸೆಫ್ ಮ್ಯಾಸ್ಸೆಲ್ಲಿ, ಕ್ಯಾಮೆರಾ ತಂಡದಲ್ಲಿ ಆಗಿನ್ನೂ ಹೆಸರಿಲ್ಲದ ಲಾಸ್ಲೊ ಕೊವಾಕ್ಸ್ ಮತ್ತು ಮುಂದೆ ಆಸ್ಕರ್ ಗೆದ್ದ ವಿಲ್ಮೋಸ್ ಜಿಗ್ಮಂಡ್. ಪೆನ್ಸಿಲ್ವೇನಿಯಾದ ವಿಲೋ ಗ್ರೋವ್ ಪಾರ್ಕಿನಲ್ಲಿ ತೆಗೆದ 'ಮಾಲಟೆಸ್ಟಾಸ್ ಕಾರ್ನಿವಲ್ ಆಫ್ ಬ್ಲಡ್' (1973) ಗುಜರಿ ಸಾಮಾನಿನಿಂದ ನೆಲಮಾಳಿಗೆಯ ಲೋಕ ಕಟ್ಟುವುದು ಹೇಗೆಂದು ತೋರಿಸುತ್ತದೆ.

ಟಾಡ್ ಬ್ರೌನಿಂಗ್‌ನ 'ಫ್ರೀಕ್ಸ್' (1932) ದೊಡ್ಡ ಸ್ಟುಡಿಯೋದ ಸಿನಿಮಾ, ಬಜೆಟ್ಟಿನ ಲೆಕ್ಕದಲ್ಲಿ ಇಲ್ಲಿಗೆ ಸೇರದು. ಆದರೂ ನೋಡಿ, ಸರ್ಕಸ್ ಪ್ರದರ್ಶನದಲ್ಲಿ ದುಡಿಯುವ ಅಂಗವಿಕಲರ ಕಥೆ ಅದು. ಬ್ರಿಟನ್ನಿನಲ್ಲಿ ಮೂವತ್ತು ವರ್ಷ ನಿಷೇಧದಲ್ಲಿತ್ತು. ಅಂಗವೈಕಲ್ಯವನ್ನೇ ರಾಕ್ಷಸತನವೆಂದು ತೋರಿಸುವ ಸೋಮಾರಿ ಬರವಣಿಗೆ ಇಂದಿಗೂ ನಿಂತಿಲ್ಲ. ಆ ಸಿನಿಮಾದಲ್ಲಿ ಕೇಡು ಮಾಡುವವರು ಮೈಕಟ್ಟು ಚೆನ್ನಾಗಿರುವ ಇಬ್ಬರು.

ಭೂತಬಂಗಲೆಯಲ್ಲಿ ನಿಜವಾದ ಹೆಣ ಸಿಕ್ಕಿತ್ತಂತೆ, ಹೌದೇ?

ಹೌದು, ಅದೂ ಅದೇ ಪೈಕ್‌ನಲ್ಲಿ. 1976ರ ಡಿಸೆಂಬರಿನಲ್ಲಿ ಒಂದು ಟಿವಿ ಧಾರಾವಾಹಿಯ ತಂಡ ಅಲ್ಲಿನ ಕತ್ತಲ ರೈಡಿನಲ್ಲಿ ಚಿತ್ರೀಕರಣಕ್ಕೆ ಸಿದ್ಧವಾಗುವಾಗ ನೇತುಹಾಕಿದ್ದ 'ಬೊಂಬೆ'ಯ ತೋಳು ಮುರಿಯಿತು. ಒಳಗಿದ್ದದ್ದು ಮನುಷ್ಯನ ಮೂಳೆ. 1911ರಲ್ಲಿ ಒಕ್ಲಹೋಮಾದಲ್ಲಿ ಗುಂಡೇಟಿಗೆ ಸತ್ತ ದರೋಡೆಕೋರ ಎಲ್ಮರ್ ಮೆಕರ್ಡಿಯ ದೇಹ, ಸಂರಕ್ಷಿಸಿ ಪ್ರದರ್ಶನದಿಂದ ಪ್ರದರ್ಶನಕ್ಕೆ ಕೈ ಬದಲಾಗುತ್ತ ಅಲ್ಲಿಗೆ ಬಂದಿತ್ತು. 1977ರಲ್ಲಿ ಅದನ್ನು ಒಕ್ಲಹೋಮಾದ ಗತ್ರಿಯಲ್ಲಿ ಹೂಳಿದರು, ಮತ್ತೆ ಯಾರೂ ಎತ್ತದಿರಲೆಂದು ಮೇಲೆ ಕಾಂಕ್ರೀಟ್ ಸುರಿದರು.

ನಡೆಯುತ್ತಿರುವ ಕಾರ್ನಿವಲ್ ಒಳ್ಳೆಯದೋ, ಮುಚ್ಚಿದ್ದೋ?

ಎರಡರ ನಡುವಿನದು: ಸೀಸನ್ ಮುಗಿದು ಇನ್ನೂ ಬಿಚ್ಚದೆ ನಿಂತಿರುವ ಸಂಚಾರಿ ಕಾರ್ನಿವಲ್. ಕರೆಂಟ್ ಇರುತ್ತದೆ, ಕೀಲಿಕೈ ಇರುವ ಮನುಷ್ಯ ಇರುತ್ತಾನೆ, ನೆಲ ಗಟ್ಟಿ ಇರುತ್ತದೆ. ಹಾಳಾದಂತೆ ಕಾಣಿಸಲು ಒಂದು ದಿನದ ಕೆಲಸ ಸಾಕು. ಬಣ್ಣದ ಮೇಲೆ ತೆಳುವಾದ ಮಣ್ಣುನೀರು ಬಳಿದು ಅರೆ ಒಣಗಿದಾಗ ಬಟ್ಟೆಯಿಂದ ಮೇಲಿಂದ ಕೆಳಕ್ಕೆ ಒರೆಸಿ. ಮೂಲೆಗಳಲ್ಲಿ ಉಳಿದದ್ದು ವರ್ಷಗಳ ಕೊಳೆಯಂತೆ ಕಾಣುತ್ತದೆ, ಪೈಪಿನ ನೀರಿಗೆ ತೊಳೆದುಹೋಗುತ್ತದೆ. ನಿಜವಾಗಿ ಪಾಳುಬಿದ್ದ ಜಾಗ ಒಂದು ಹಗಲಿನ ಶಾಟ್‌ಗಳಿಗೆ ಚೆನ್ನ, ಹನ್ನೆರಡು ರಾತ್ರಿಗಳಿಗೆ ಕಷ್ಟ.

ಅನುಮತಿ ಯಾರಿಂದ ಪಡೆಯಬೇಕು?

ಜಾಗದ ಮಾಲೀಕ ಒಬ್ಬ, ರೈಡುಗಳ ಮಾಲೀಕ ಇನ್ನೊಬ್ಬ, ಅಂಗಡಿ ಸಾಲಿನ ಗುತ್ತಿಗೆದಾರ ಮತ್ತೊಬ್ಬ ಆಗಿರುವುದೇ ಹೆಚ್ಚು. ಎಲ್ಲರಿಂದಲೂ ಬರಹದಲ್ಲಿ ಬೇಕು: ದಿನಾಂಕ, ಗಂಟೆ, ಯಾವ ಯಾವ ರಚನೆ ಬಳಸುತ್ತೀರಿ, ಏನಾದರೂ ಮುರಿದರೆ ಯಾರ ಹೊಣೆ. ಮರೆತುಹೋಗುವ ವಿಷಯ ಒಂದಿದೆ. ಬೋರ್ಡುಗಳ ಮೇಲೆ ಯಾವುದೋ ಪ್ರಸಿದ್ಧ ಕಾರ್ಟೂನ್ ಪಾತ್ರವನ್ನು ಪೇಂಟರ್ ಕೇಳದೆ ಬರೆದಿರುತ್ತಾನೆ. ಅದು ನಿಮ್ಮ ಫ್ರೇಮಿಗೆ ಬಂದರೆ ವಿತರಕರು ಸಿನಿಮಾ ವಾಪಸ್ ಕಳಿಸುತ್ತಾರೆ. ಚಿತ್ರೀಕರಣಕ್ಕೆ ಮುಂಚೆ ಟಾರ್ಪಾಲು ಇಳಿಬಿಡಿ. ಎಡಿಟಿಂಗಿನಲ್ಲಿ ಮಸುಕು ಮಾಡುವುದು ದುಬಾರಿ, ನೋಡಲೂ ಅಸಹ್ಯ.

ಮೊದಲ ಸಲ ಜಾಗ ನೋಡಲು ಹೋದಾಗ ಏನೇನು ಪರೀಕ್ಷಿಸಬೇಕು?

ಹಗಲಲ್ಲೇ ಹೋಗಿ, ಇಬ್ಬರಾದರೂ ಹೋಗಿ, ದಪ್ಪ ಅಟ್ಟೆಯ ಶೂ ಹಾಕಿ. ಹಲಗೆ ನೆಲದ ಮೇಲೆ ಮೊಳೆಗಳ ಸಾಲು ಹಿಡಿದು ನಡೆಯಿರಿ, ಅಡಿಯಲ್ಲಿ ತೊಲೆ ಇರುವುದು ಅಲ್ಲೇ. ಎರಡು ಸಾಲಿನ ನಡುವೆ ಹಲಗೆ ಕೊಳೆತಿದ್ದರೆ ಕಾಲು ಸೀದಾ ಒಳಕ್ಕೆ ಹೋಗುತ್ತದೆ. ಸ್ಕ್ರೂಡ್ರೈವರ್ ಮೊನೆಯಿಂದ ತೊಲೆಯನ್ನು ಚುಚ್ಚಿ ನೋಡಿ. ಸಲೀಸಾಗಿ ಒಳಗಿಳಿದರೆ ಆ ಕೋಣೆ ಬೇಡ. ಹಳೇ ಬಣ್ಣದಲ್ಲಿ ಸೀಸ ಇರಬಹುದು, ಆದ್ದರಿಂದ ಉಜ್ಜಬೇಡಿ. ಹಳೇ ಸಿಮೆಂಟ್ ಶೀಟುಗಳಲ್ಲಿ ಕಲ್ನಾರು ಇರಬಹುದು, ಒಡೆಯಬೇಡಿ. ಪಾರಿವಾಳದ ಹಿಕ್ಕೆ ಒಣಗಿ ಪುಡಿಯಾಗಿದ್ದರೆ ಗುಡಿಸುವ ಮೊದಲು ನೀರು ಚಿಮುಕಿಸಿ, ಮಾಸ್ಕ್ ಹಾಕಿ. ತಂಡದವರ ಟೆಟನಸ್ ಚುಚ್ಚುಮದ್ದು ಹತ್ತು ವರ್ಷದೊಳಗಿನದೇ ಎಂದು ಕೇಳಿ ತಿಳಿದುಕೊಳ್ಳಿ.

ಗುಂಡಿ, ಮೆಟ್ಟಿಲ ಅಂಚು, ತಲೆಗೆ ಬಡಿಯುವ ಕಂಬಿ ಎಲ್ಲಕ್ಕೂ ಬಿಳಿ ಟೇಪ್ ಅಂಟಿಸಿ. ರಾತ್ರಿ ಅದು ನಿಮ್ಮ ಪುಣ್ಯ. ಶಾಟ್‌ಗೆ ಮುಂಚೆ ಕೀಳಲು ಒಬ್ಬನಿಗೆ ಹೇಳಿಟ್ಟಿರಿ, ಇಲ್ಲವಾದರೆ ಟೇಪೂ ನಟಿಸುತ್ತದೆ.

ನಿಂತ ರೈಡನ್ನು ಓಡಿಸಬಹುದೇ?

ಬೇಡ. ಪ್ರಮಾಣಪತ್ರವಿಲ್ಲದ ರೈಡಿನ ಮೇಲೆ ಯಾರನ್ನೂ ಕೂರಿಸಬೇಡಿ, ನಿಂತೇ ಇದ್ದರೂ ಸರಿ. ಹೊರಗೆ ಕಾಣುವ ತುಕ್ಕಿಗಿಂತ ಬೋಲ್ಟಿನೊಳಗಿನ ಬಿರುಕು ಕೆಟ್ಟದ್ದು, ಅದು ಬರಿಗಣ್ಣಿಗೆ ಕಾಣದು.

ಚಲನೆಯನ್ನು ನಟಿಸಬಹುದು. ಜೈಂಟ್ ವ್ಹೀಲಿನ ಒಂದು ತೊಟ್ಟಿಲನ್ನು ಬಿಚ್ಚಿಸಿ ನೆಲದ ಮೇಲೆ, ಅರ್ಧ ಗಾಳಿ ತುಂಬಿದ ಎರಡು ಟೈರ್ ಟ್ಯೂಬುಗಳ ಮೇಲಿಡಿ. ಎರಡೂ ಬದಿ ಇಬ್ಬರು ಕೂತು ಮೆಲ್ಲಗೆ ಅಲುಗಿಸಲಿ. ಕ್ಯಾಮೆರಾ ಕೆಳಗಿಂದ ಮೇಲಕ್ಕೆ, ಹಿಂದೆ ಆಕಾಶ ಮಾತ್ರ. ಮೂರನೆಯವನು ಕೋಲಿಗೆ ಕಟ್ಟಿದ ದೀಪವನ್ನು ನಟರ ಹಿಂದಿನಿಂದ ಮೂರು ನಾಲ್ಕು ಸೆಕೆಂಡಿಗೊಮ್ಮೆ ಮೇಲಿಂದ ಕೆಳಗೆ ಹಾಯಿಸಿದರೆ ತೊಟ್ಟಿಲು ಏರುತ್ತಿದೆ ಎಂದೇ ಕಣ್ಣು ನಂಬುತ್ತದೆ. ಸಾಮಾನ್ಯವಾಗಿ ಕೆಡುವುದು ತಾಳ. ಅಲುಗಾಟ ಬೇಗ, ದೀಪ ನಿಧಾನವಾದರೆ ದೋಣಿಯಲ್ಲಿ ಕೂತಂತೆ ಕಾಣುತ್ತದೆ.

ನಿಜ ಹೇಳಬೇಕೆಂದರೆ ನಿಂತ ಚಕ್ರವೇ ಹೆಚ್ಚು ಹೆದರಿಸುತ್ತದೆ. ಇಡೀ ಸಿನಿಮಾದಲ್ಲಿ ಒಂದೇ ಸಲ, ಒಂದೇ ಗೇಣು ತಿರುಗಿದರೆ ಸಾಕು.

ಕಾರ್ನಿವಲ್ ಬಲ್ಬುಗಳು ಕ್ಯಾಮೆರಾದಲ್ಲಿ ಮಿಟುಕುತ್ತವೆ, ಪಟ್ಟೆ ಬರುತ್ತದೆ. ಯಾಕೆ?

ಮೂರು ಕಾರಣ, ಮೂರಕ್ಕೂ ಬೇರೆ ಬೇರೆ ಮದ್ದು.

ಕರೆಂಟಿನ ಆವರ್ತನಕ್ಕೂ ಶಟರಿಗೂ (ಪ್ರತಿ ಫ್ರೇಮಿಗೆ ಬೆಳಕು ಬೀಳುವ ಹೊತ್ತಿಗೂ) ಹೊಂದಾಣಿಕೆ ಇಲ್ಲದಿರುವುದು ಮೊದಲನೆಯದು. 50 ಹರ್ಟ್ಸ್ ಕರೆಂಟಿರುವ ಕಡೆ ಶಟರ್ 1/50 ಅಥವಾ 1/100 ಸೆಕೆಂಡಿಗೆ ಇಡಿ. ಸೆಕೆಂಡಿಗೆ 24 ಫ್ರೇಮಿನಲ್ಲಿ ತೆಗೆಯುವಾಗ, ಶಟರನ್ನು ಕೋನದಲ್ಲಿ ಅಳೆಯುವ ಕ್ಯಾಮೆರಾದಲ್ಲಿ 1/50 ಅಂದರೆ 172.8 ಡಿಗ್ರಿ. 60 ಹರ್ಟ್ಸ್ ಇದ್ದಲ್ಲಿ 1/60, ಅಂದರೆ 144 ಡಿಗ್ರಿ. ಎರಡನೆಯದು ಅಗ್ಗದ ಎಲ್‌ಇಡಿ ಸರಗಳ ಡಿಮ್ಮರ್. ಬೆಳಕು ತಗ್ಗಿಸಲು ಅದು ದೀಪವನ್ನು ಬೇಗ ಬೇಗ ಆರಿಸಿ ಹೊತ್ತಿಸುತ್ತದೆ, ಶಟರ್ ಬದಲಿಸಿದರೂ ಪಟ್ಟೆ ಸುಲಭಕ್ಕೆ ಹೋಗದು. ಡಿಮ್ಮರ್ ಪೂರ್ತಿ ತೆರೆದಿಟ್ಟು, ಬೆಳಕು ಹೆಚ್ಚಾಯಿತೆನಿಸಿದರೆ ಬಲ್ಬಿಗೆ ಕಂದು ಬಣ್ಣ ತೆಳುವಾಗಿ ಹಚ್ಚಿ. ಮೂರನೆಯದು ಸಡಿಲ ಹೋಲ್ಡರ್. ಅದು ಮಿಟುಕುವುದು ನೋಡಲು ಚೆಂದ, ಆದರೆ ಕಿಡಿ ಹಾರಿ ಟಾರ್ಪಾಲಿಗೆ ಬೆಂಕಿ ತಗಲುವುದೂ ಅಲ್ಲಿಂದಲೇ. ಮಿಟುಕಾಟ ಬೇಕಿದ್ದರೆ ಸ್ವಿಚ್ಚಿನ ಬಳಿ ಒಬ್ಬನನ್ನು ಕೂರಿಸಿ.

ತಂತಿ ಸುರುಳಿಯ ಹಳೇ ಬಲ್ಬುಗಳಲ್ಲಿ ಈ ತೊಂದರೆ ಕಣ್ಣಿಗೆ ಬೀಳುವುದೇ ಇಲ್ಲ. ಕಾದ ತಂತಿ ಅಷ್ಟು ಬೇಗ ತಣ್ಣಗಾಗದು. 25 ವ್ಯಾಟಿನ 40 ಬಲ್ಬುಗಳಿಗೆ 1,000 ವ್ಯಾಟ್ ಬೇಕು ಅನ್ನುವುದೊಂದೇ ಭಾರ. ಮೂರರಲ್ಲಿ ಒಂದು ಬಲ್ಬು ಸತ್ತಿರಲಿ. ಹೋಲ್ಡರ್ ಖಾಲಿ ಬಿಡಬೇಡಿ, ಸುಟ್ಟ ಬಲ್ಬನ್ನೇ ಹಾಕಿ. ಖಾಲಿ ಹೋಲ್ಡರಿನಲ್ಲಿ ಕರೆಂಟ್ ಬಾಯ್ತೆರೆದು ಕೂತಿರುತ್ತದೆ.

ಎಷ್ಟು ದೊಡ್ಡ ಜನರೇಟರ್ ಬೇಕು? ಸದ್ದಿಗೆ ಏನು ಮಾಡುವುದು?

2,000 ವ್ಯಾಟಿನದರಿಂದ 1,600ಕ್ಕಿಂತ ಹೆಚ್ಚು ಎಳೆಯಬೇಡಿ. ಸದ್ದು ಮೈಕಿಗೆ ಬೀಳದಿರಲು 50 ಮೀಟರಾದರೂ ದೂರ, ಗೋಡೆಯದೋ ಲಾರಿಯದೋ ಮರೆಗೆ ಇಡಿ. ದೂರವಾದಷ್ಟೂ ಕೇಬಲಿನಲ್ಲಿ ವೋಲ್ಟೇಜ್ ಸೋರುತ್ತದೆ. 230 ವೋಲ್ಟಿನಲ್ಲಿ 1,600 ವ್ಯಾಟ್ ಅಂದರೆ ಸುಮಾರು 7 ಆಂಪಿಯರ್. 50 ಮೀಟರಿಗೆ 2.5 ಚದರ ಮಿಲಿಮೀಟರಿನ ತಾಮ್ರದ ಕೇಬಲ್ ಹಾಕಿದರೆ ಕಳೆದುಹೋಗುವುದು 5 ವೋಲ್ಟು, 1 ಚದರ ಮಿಲಿಮೀಟರಿನದಾದರೆ ಸುಮಾರು 13. ಸುರುಳಿಯನ್ನು ಪೂರ್ತಿ ಬಿಚ್ಚಿ ಹಾಸಿ. ಸುತ್ತಿಟ್ಟ ಕೇಬಲ್ ಒಳಗೊಳಗೇ ಕಾದು ಕರಗುತ್ತದೆ. ಒದ್ದೆ ಹುಲ್ಲು, ಕಬ್ಬಿಣದ ರೈಡು ಎರಡೂ ಇರುವ ಜಾಗ ಇದು, 30 ಮಿಲಿಆಂಪಿಯರಿಗೆ ಟ್ರಿಪ್ ಆಗುವ ಸುರಕ್ಷಾ ಸ್ವಿಚ್ ಇಲ್ಲದೆ ಒಂದು ದೀಪವನ್ನೂ ಹೊತ್ತಿಸಬೇಡಿ. ಮುಚ್ಚಿದ ಕೋಣೆಯೊಳಗೆ ಜನರೇಟರ್ ಇಡುವುದಂತೂ ಕೊಲೆಗೆ ಸಮ.

ದೀಪಕ್ಕೆ ದುಡ್ಡೇ ಇಲ್ಲ. ಹಗಲಲ್ಲಿ ತೆಗೆದು ರಾತ್ರಿ ಮಾಡಬಹುದೇ?

ವೈಡ್ ಶಾಟ್‌ಗಳಿಗೆ ಆಗಬಹುದು. ಬಿಸಿಲು ನಟರ ಬೆನ್ನ ಹಿಂದಿರಲಿ, ಎಕ್ಸ್‌ಪೋಶರ್ ಒಂದೂವರೆಯಿಂದ ಎರಡು ಸ್ಟಾಪ್ ತಗ್ಗಿಸಿ (ಒಂದು ಸ್ಟಾಪ್ ತಗ್ಗಿದರೆ ಬೆಳಕು ಅರ್ಧ), ವೈಟ್ ಬ್ಯಾಲೆನ್ಸ್ 3,200 ಕೆಲ್ವಿನ್ ಇಡಿ. ಫ್ರೇಮಿನೊಳಗೆ ಆಕಾಶ ಬಂದರೆ ಗುಟ್ಟು ರಟ್ಟು. ಜೈಂಟ್ ವ್ಹೀಲಿನ ಹಿಂದೆ ಆಕಾಶವಲ್ಲದೆ ಇನ್ನೇನೂ ಇರುವುದಿಲ್ಲವಲ್ಲ, ಹಾಗಾಗಿ ಅದನ್ನು ಸೂರ್ಯ ಮುಳುಗಿದ ಮೇಲಿನ ಇಪ್ಪತ್ತು ಮೂವತ್ತು ನಿಮಿಷದ ನೀಲಿ ಬೆಳಕಿಗೆ ಎತ್ತಿಡಿ. ಆ ಅರ್ಧ ಗಂಟೆಗೆ ಮೂರೇ ಶಾಟ್, ಮೊದಲೇ ರಿಹರ್ಸಲ್ ಮಾಡಿ. ನಾಲ್ಕನೆಯದಕ್ಕೆ ಆಸೆಪಟ್ಟವರು ಮೂರನೆಯದನ್ನೂ ಕಳೆದುಕೊಳ್ಳುತ್ತಾರೆ.

ಹೊಗೆ ಮೆಷಿನಿನ ಮಂಜು ಹಾಗೇ ನಿಲ್ಲದೆ ಚದುರಿಹೋಗುತ್ತದೆ, ಏನು ತಪ್ಪು?

ಗಾಳಿ. ಮೆಷಿನ್ ಗಾಳಿ ಬರುವ ದಿಕ್ಕಿನಲ್ಲಿ, ಒಂದು ಅಂಗಡಿಯ ಹಿಂದೆ ಇರಲಿ. ಬಾಯಿಗೆ ಉದ್ದನೆಯ ಪ್ಲಾಸ್ಟಿಕ್ ಕೊಳವೆ ಜೋಡಿಸಿ, ಅರ್ಧ ಮೀಟರಿಗೊಂದು ತೂತು ಮಾಡಿ ನೆಲದ ಮೇಲೆ ಹಾಸಿದರೆ ಒಂದೇ ಕಡೆಯಿಂದ ಬುಸ್ ಎನ್ನುವ ಬದಲು ಎಲ್ಲೆಡೆಯಿಂದ ಏಳುತ್ತದೆ. ನೆಲಕ್ಕಂಟಿ ಹರಿಯಬೇಕಿದ್ದರೆ ಹೊಗೆಯನ್ನು ಮಂಜುಗಡ್ಡೆ ತುಂಬಿದ ಪೆಟ್ಟಿಗೆಯ ಮೂಲಕ ಹಾಯಿಸಿ. ಆಕ್ಷನ್ ಹೇಳುವ ಮೊದಲು ಇಪ್ಪತ್ತು ಸೆಕೆಂಡು ಕಾಯಿರಿ, ಪ್ರತಿ ಟೇಕಿಗೂ ಅಷ್ಟೇ ಹೊತ್ತು. ಇಲ್ಲದಿದ್ದರೆ ಕಟ್ ಮಾಡುವಾಗ ಮಂಜು ಜಿಗಿಯುತ್ತದೆ.

ಡ್ರೈ ಐಸ್ ಬಳಸುವವರು ಎರಡು ವಿಷಯ ನೆನಪಿಡಿ. ಅದು ಮೈನಸ್ 78 ಡಿಗ್ರಿ, ಬರಿಗೈಯಲ್ಲಿ ಮುಟ್ಟಿದರೆ ಚರ್ಮ ಹೋಗುತ್ತದೆ. ಅದರಿಂದ ಬರುವ ಇಂಗಾಲದ ಡೈಆಕ್ಸೈಡ್ ಗಾಳಿಗಿಂತ ಭಾರ, ತಗ್ಗಿನಲ್ಲಿ ಮಡುಗಟ್ಟುತ್ತದೆ. ನೆಲದ ಮೇಲೆ ಹೆಣವಾಗಿ ಮಲಗಿದ ನಟನ ಮೂಗು ಇರುವುದು ಸರಿಯಾಗಿ ಅಲ್ಲೇ.

ರಕ್ತಕ್ಕೆ ಸರಿಯಾದ ಅಳತೆ ಯಾವುದು?

ಕಾರ್ನ್ ಸಿರಪ್ (ಮೆಕ್ಕೆಜೋಳದ ಪಾಕ) 240 ಮಿಲಿ, ನೀರು 60 ಮಿಲಿ, ಕೆಂಪು ಫುಡ್ ಕಲರ್ 10 ಮಿಲಿ, ಕೋಕೋ ಪುಡಿ ಒಂದು ದೊಡ್ಡ ಚಮಚ, ನೀಲಿ ಬಣ್ಣ ಎರಡು ಹನಿ. ಕೋಕೋವನ್ನು ಮೊದಲು ಆ ನೀರಿನಲ್ಲೇ ಗಂಟಿಲ್ಲದಂತೆ ಕಲಸಿ. ಬಟ್ಟೆಗೆ ಮಾತ್ರ ಬಳಸುವ ಪಾಲಿಗೆ ಒಂದು ಚಮಚ ಪಾತ್ರೆ ತೊಳೆಯುವ ದ್ರವ ಸೇರಿಸಿದರೆ ಒಗೆಯುವುದು ಸುಲಭ. ಅದನ್ನು ಬೇರೆ ಬಾಟಲಿಯಲ್ಲಿ, ದೊಡ್ಡದಾಗಿ ಹೆಸರು ಬರೆದು ಇಡಿ, ನಟರ ಬಾಯಿಗೆ ಹೋಗಬಾರದು. ಇರುವೆ ಬರುತ್ತದೆ, ಬಂದೇ ಬರುತ್ತದೆ.

ಕಾರ್ನಿವಲ್‌ನಲ್ಲಿ ಮಾತ್ರ ಎದುರಾಗುವ ತೊಡಕು ಬೇರೆಯೇ ಇದೆ. ಕೆಂಪು ಬಲ್ಬಿನ ಬೆಳಕಲ್ಲಿ ಕೆಂಪು ರಕ್ತ ಮಾಯವಾಗುತ್ತದೆ, ಬಿಳಿ ಅಂಗಿ ಮತ್ತು ರಕ್ತ ಎರಡೂ ಒಂದೇ ಬಣ್ಣಕ್ಕೆ ತಿರುಗುತ್ತವೆ. ಹಸಿರು ಬೆಳಕಲ್ಲಿ ಅದೇ ರಕ್ತ ಡಾಂಬರಿನಷ್ಟು ಕಪ್ಪು. ಕೆಂಪು ದೀಪದ ದೃಶ್ಯವಿದ್ದರೆ ನೀಲಿಯನ್ನೂ ಕೋಕೋವನ್ನೂ ದುಪ್ಪಟ್ಟು ಮಾಡಿ ಕಪ್ಪಾಗಿಸಿ, ಅಥವಾ ಗಾಯದ ಮೇಲಷ್ಟೇ ಬೀಳುವಂತೆ ಸಣ್ಣ ಬಿಳಿ ದೀಪ ಇಡಿ. ಶೂಟಿಂಗಿನ ದಿನ ಇದು ಹೊಳೆದರೆ ಪ್ರಯೋಜನವಿಲ್ಲ, ಹಿಂದಿನ ರಾತ್ರಿಯೇ ಅದೇ ಬಲ್ಬಿನಡಿ ಒಂದು ಬಟ್ಟೆಗೆ ಹಚ್ಚಿ ನೋಡಿ.

ಜೋಕರ್ ಮೇಕಪ್?

ಎಣ್ಣೆ ಆಧಾರದ ಬಿಳಿ, ತೆಳುವಾಗಿ ಎರಡು ಪದರ, ಪ್ರತಿ ಪದರಕ್ಕೂ ಪೌಡರ್. ಒಂದೇ ಸಲ ದಪ್ಪಗೆ ಬಳಿದರೆ ಬೆವರಿಗೆ ಜಾರುತ್ತದೆ. ಹೊಸ ವಸ್ತು ಯಾವುದಾದರೂ 24 ಗಂಟೆ ಮುಂಚೆ ತೋಳಿಗೆ ಹಚ್ಚಿ ಪರೀಕ್ಷಿಸಿ. ನಮ್ಮನ್ನು ಕೇಳಿದರೆ ಜೋಕರೇ ಬೇಡ. ಟಿಕೆಟ್ ಹರಿಯುವವನ ಸಾದಾ ಮುಖ, ರೆಪ್ಪೆ ಬಡಿಯದ ಕಣ್ಣು ಇವಕ್ಕೆ ಮೇಕಪ್ಪೇ ಬೇಕಿಲ್ಲ.

ಕನ್ನಡಿ ಮನೆಯಲ್ಲಿ ಕ್ಯಾಮೆರಾ ಕಾಣದಂತೆ ತೆಗೆಯುವುದು ಹೇಗೆ?

ಎರಡು ಕನ್ನಡಿಗಳ ನಡುವಿನ ಕೋನ 90 ಡಿಗ್ರಿಯಾದರೆ ಮೂರು ಪ್ರತಿಬಿಂಬ, 60ಕ್ಕೆ ಐದು, 45ಕ್ಕೆ ಏಳು. ಅಂದರೆ ನಾಲ್ಕೈದು ಕನ್ನಡಿಗಳಲ್ಲೇ ಜಟಿಲ ಓಣಿ ಕಟ್ಟಬಹುದು. 3 ಮಿಲಿಮೀಟರಿನ ಅಕ್ರಿಲಿಕ್ ಕನ್ನಡಿ ಹಾಳೆ ಹಗುರ, ಚೂರಾಗಿ ಕುಯ್ಯುವುದಿಲ್ಲ. ಸ್ವಲ್ಪ ಸೊಟ್ಟ ತೋರಿಸುತ್ತದೆ, ಇಲ್ಲಿ ಅದು ಲಾಭವೇ. ಎರಡು ಹಾಳೆಗಳ ಸಂದಿಗೆ ಕಪ್ಪು ಬಟ್ಟೆ ಕಟ್ಟಿ, ಲೆನ್ಸಿನಷ್ಟೇ ತೂತಿನಿಂದ ಉದ್ದ ಲೆನ್ಸಿನಲ್ಲಿ ತೆಗೆಯಿರಿ. ಕ್ಯಾಮೆರಾ ಕಡೆ ಒಂದು ಹನಿ ಬೆಳಕೂ ಇರಬಾರದು, ಮಾನಿಟರಿನದೂ ಸೇರಿ. ಹಾಗಿದ್ದೂ ಬೆರಳಚ್ಚುಗಳು ಕಾಣುತ್ತವೆ. ಒರೆಸಲು ಮೆತ್ತನೆ ಬಟ್ಟೆ ಮಾತ್ರ, ಅಕ್ರಿಲಿಕ್ಕಿಗೆ ಗೀರು ಬೇಗ.

ಸದ್ದು, ಸಂಗೀತ?

ಹಳೇ ಮೇರಿ-ಗೋ-ರೌಂಡ್ ರಾಗ ಯಾರದೂ ಅಲ್ಲ ಎಂದುಕೊಂಡು ಎಲ್ಲಿಂದಲೋ ಎತ್ತಿ ಹಾಕುತ್ತಾರೆ. ರಾಗ ಹಕ್ಕುಸ್ವಾಮ್ಯದಿಂದ ಹೊರಗಿರಬಹುದು, ಆ ರೆಕಾರ್ಡಿಂಗ್ ಹೊರಗಿರಲಿಕ್ಕಿಲ್ಲ. ಕೀಬೋರ್ಡಿನಲ್ಲಿ ನೀವೇ ನುಡಿಸಿ. ಟೇಪಿನಂತೆ ವೇಗ ಅರ್ಧ ಮಾಡಿದರೆ ಒಂದು ಸ್ಥಾಯಿ ಕೆಳಗಿಳಿಯುತ್ತದೆ, ಅದು ಎಲ್ಲರೂ ಮಾಡುವುದು, ಅತಿಯೂ ಹೌದು. ಶೇಕಡಾ 10 ಮಾತ್ರ ನಿಧಾನ ಮಾಡಿ. ಹತ್ತಿರ ಹತ್ತಿರ ಎರಡು ಸ್ವರಸ್ಥಾನ ಇಳಿದು, ಏನೋ ಸರಿಯಿಲ್ಲ ಅನಿಸುತ್ತದೆ, ಏನೆಂದು ಹೇಳಲಾಗದು. 'ಕಾರ್ನಿವಲ್ ಆಫ್ ಸೋಲ್ಸ್'ನಲ್ಲಿ ಜೀನ್ ಮೂರ್ ಅವರ ಆರ್ಗನ್ ಒಂದೇ ಇಡೀ ಸಿನಿಮಾದ ಭಾರ ಹೊರುತ್ತದೆ. ನಾಯಕಿಯೇ ಆರ್ಗನ್ ನುಡಿಸುವವಳಾದ್ದರಿಂದ ಸಂಗೀತ ಕಥೆಯ ಒಳಗಿನದೋ ಹೊರಗಿನದೋ ತಿಳಿಯದೆ ಹೋಗುತ್ತದೆ.

ಪ್ರತಿ ಜಾಗದಲ್ಲೂ ಎಲ್ಲರನ್ನೂ ಸುಮ್ಮನಿರಿಸಿ ಒಂದು ನಿಮಿಷ ಬರೀ ಮೌನ ರೆಕಾರ್ಡ್ ಮಾಡಿ. ತಗಡು, ಸರಪಳಿ, ಹಗ್ಗದ ಸದ್ದುಗಳನ್ನು ಬೇರೆಯಾಗಿ ಹತ್ತಿರದಿಂದ ಹಿಡಿಯಿರಿ. ಕಬ್ಬಿಣದ ಕಂಬಿಗೆ ಅಂಟಿಸುವ ಕಾಂಟ್ಯಾಕ್ಟ್ ಮೈಕ್ ಸಿಕ್ಕರೆ ರೈಡು ಗಾಳಿಗೆ ನರಳುವುದು ಒಳಗಿನಿಂದ ಕೇಳುತ್ತದೆ.

ಎಷ್ಟು ಜನ ಜೂನಿಯರ್ ಆರ್ಟಿಸ್ಟ್‌ಗಳು ಬೇಕು?

ಎಂಟು. ಅದಕ್ಕಿಂತ ಹೆಚ್ಚಾದರೆ ವ್ಯಾಪಾರ ಚೆನ್ನಾಗಿದೆ ಎಂದು ಕಾಣುತ್ತದೆ.

ಎಷ್ಟು ದಿನ ಹಾಕಿಕೊಳ್ಳಬೇಕು?

80 ನಿಮಿಷದ ಸಿನಿಮಾಗೆ ಹನ್ನೆರಡರಿಂದ ಹದಿನೈದು ರಾತ್ರಿ, ರಾತ್ರಿಗೆ ಹತ್ತು ಗಂಟೆ ಕೆಲಸ, ಹನ್ನೆರಡು ಹದಿನೈದು ಶಾಟ್. ಮೊದಲ ರಾತ್ರಿ ಅರ್ಧವೂ ಆಗದು, ಅದನ್ನು ಲೆಕ್ಕಕ್ಕೆ ಹಿಡಿಯಬೇಡಿ. ಬೆಳಗಿನ ಜಾವ ಮೂರರ ನಂತರ ಸಂಭಾಷಣೆ, ಸ್ಟಂಟ್ ಬೇಡ. ನಡೆಯುವ, ನೋಡುವ ಶಾಟ್‌ಗಳು ಸಾಕು. ಒಂದು ಪೂರ್ತಿ ದಿನ ನಟರಿಲ್ಲದೆ ಕ್ಯಾಮೆರಾದವರು ಇಬ್ಬರೇ ಹೋಗಿ ಖಾಲಿ ಜಾಗದ ಅರವತ್ತು ಎಪ್ಪತ್ತು ಶಾಟ್ ತೆಗೆಯಲಿ. ಎಡಿಟಿಂಗಿನಲ್ಲಿ ಹೊಂದದ ದೃಶ್ಯಗಳನ್ನು ಹೊಲಿಯುವ ದಾರ ಅದೇ. ಈ ದಿನವನ್ನೇ ಎಲ್ಲರೂ ಮೊದಲು ಕತ್ತರಿಸುತ್ತಾರೆ.

ಎಲ್ಲ ಸರಿ ಮಾಡಿದರೂ ಹೆದರಿಕೆ ಬರುವುದಿಲ್ಲ. ಯಾಕೆ?

ಬಹುಪಾಲು ಸಲ ಜಾಗದ ನಕ್ಷೆ ನೋಡುಗರಿಗೆ ಗೊತ್ತಿರುವುದಿಲ್ಲ. ಗೇಟು ಎಲ್ಲಿ, ಕನ್ನಡಿ ಮನೆ ಎಷ್ಟು ದೂರ, ಚಕ್ರ ಯಾವ ಕಡೆ ಎಂದು ಮೊದಲ ಇಪ್ಪತ್ತು ನಿಮಿಷದೊಳಗೆ ಒಬ್ಬರು ಆ ಉದ್ದಕ್ಕೂ ನಡೆದು ತೋರಿಸದಿದ್ದರೆ, ಆಮೇಲಿನ ಓಟವೆಲ್ಲ ಬರೀ ಓಟ. ಇನ್ನೊಂದು, ಇವರು ಹೊರಗೆ ಯಾಕೆ ಹೋಗುವುದಿಲ್ಲ ಅನ್ನುವ ಪ್ರಶ್ನೆ. ಬೇಲಿ ಹಾರಿದರೆ ರಸ್ತೆ ಸಿಗುವ ಜಾಗದಲ್ಲಿ ಗೇಟಿಗೆ ಬೀಗ ಹಾಕಿ ಪ್ರಯೋಜನವಿಲ್ಲ. ಒಳಗೆ ಇರಲೇಬೇಕಾದ ಕಾರಣ ಪಾತ್ರದ್ದೇ ಆಗಿರಬೇಕು: ಕಳೆದುಹೋದ ತಮ್ಮ, ಬಾಕಿ ಸಂಬಳ, ಹಾರ್ವೆಯ ನಾಯಕಿಗೆ ಆದಂತೆ ವಿವರಿಸಲಾಗದ ಸೆಳೆತ.

ಹಕ್ಕುಸ್ವಾಮ್ಯದ ಬಗ್ಗೆ ತಲೆ ಕೆಡಿಸಿಕೊಳ್ಳಬೇಕೇ?

ಹಾರ್ವೆಯ ಸಿನಿಮಾದ ಪ್ರತಿಗಳಲ್ಲಿ ಹಕ್ಕುಸ್ವಾಮ್ಯದ ಸೂಚನೆಯೇ ಇರಲಿಲ್ಲ. ಆಗಿನ ಅಮೆರಿಕದ ಕಾನೂನಿನಲ್ಲಿ ಸೂಚನೆ ಇಲ್ಲವೆಂದರೆ ಹಕ್ಕೂ ಇಲ್ಲ, ಸಿನಿಮಾ ಸಾರ್ವಜನಿಕ ಸ್ವತ್ತಾಯಿತು. ಯಾರು ಬೇಕಾದರೂ ಟಿವಿಯಲ್ಲಿ ಹಾಕಿದರು, ಹಾಗೇ ಅದು ಹೆಸರೂ ಮಾಡಿತು. ಅಲ್ಲಿ 1989ರ ಮಾರ್ಚ್ 1ರಿಂದ ಸೂಚನೆ ಕಡ್ಡಾಯವಲ್ಲ. ಆದರೂ ಕೊನೆಯ ಕಾರ್ಡಿನಲ್ಲಿ ವರ್ಷ, ಮಾಲೀಕರ ಹೆಸರು ಹಾಕಿ. ಕಥೆ, ಸಂಗೀತ, ನಟನೆ, ಜಾಗ ಇವುಗಳ ಒಪ್ಪಂದ ಪತ್ರಗಳಿಗೆ ಚಿತ್ರೀಕರಣಕ್ಕೆ ಮೊದಲೇ ಸಹಿ ಹಾಕಿಸಿ ಒಂದೇ ಫೈಲಿನಲ್ಲಿಡಿ. ಸಿನಿಮಾ ಮುಗಿದ ಮೇಲೆ ಸಹಿಗಾಗಿ ಹುಡುಕಿಕೊಂಡು ಹೋದರೆ ಸಂಚಾರಿ ಕಾರ್ನಿವಲ್ ಆ ಬಯಲಿನಲ್ಲಿ ಇರುವುದಿಲ್ಲ.